ಹಳದಿ ಚೆಂಡಿನ ಆ ಕಂಟಿ ಬಳ್ಳಾರಿ ಜಾಲಿ ಅಲ್ಲ

ಪ್ರಶ್ನೆ: ನಮ್ಮದು ಕುಷ್ಟಗಿ ತಾಲ್ಲೂಕಿನ ಒಂದು ಹಳ್ಳಿ, ನಾನು ಪ್ರಾಥಮಿಕ ಶಾಲೆಯ ಶಿಕ್ಷಕಿ. ಅಪ್ಪನ ಹೊಲ ನಾಲ್ಕು ಎಕರೆ ಕೆಂಪುಮಣ್ಣಿನ ಮಸಾರಿ. ಮೇಲಿನ ತುದಿಗೆ ಕಲ್ಲುಮಡ್ಡಿ, ಕೆಳಗಿನ ತುದಿಗೆ ಹಳ್ಳ. ಹಳ್ಳದ ದಂಡೆಗೆ ಒಂದಿಷ್ಟು ಮುಳ್ಳುಕಂಟಿಗಳಿವೆ. ಚಳಿ ಶುರುವಾದರೆ ಮೈತುಂಬ ಹಳದಿ ಚೆಂಡಿನಂಥ ಹೂ ಬಿಡುತ್ತವೆ, ಸಂಜೆ ಆ ಕಡೆ ಹೋದರೆ ಘಮ್ಮೆನ್ನುತ್ತದೆ. ಕಾಯಿ ದಪ್ಪ, ಕರ್ರಗೆ. ನನ್ನ ಮಗನ ಪುಸ್ತಕದಲ್ಲಿರುವ ಆಸ್ಟ್ರೇಲಿಯಾದ ವ್ಯಾಟಲ್ ಹೂವಿನ ಚಿತ್ರವೂ ಹೀಗೇ ಇದೆ. ನಮ್ಮ ಅಣ್ಣ ಮಾತ್ರ ‘ಎಲ್ಲಾ ಬಳ್ಳಾರಿ ಜಾಲಿ, ಬಿಟ್ರ ಹೊಲಾನ ನುಂಗ್ತಾವ’ ಎಂದು ಜೆಸಿಬಿಯವರಿಗೆ ಹೇಳಿಬಿಟ್ಟಿದ್ದಾನೆ. ಇದು ನಿಜವಾಗಿಯೂ ಬಳ್ಳಾರಿ ಜಾಲಿಯೇ? ಇದರ ಸಹಜ ನೆಲೆ ಯಾವುದು? ಕಿತ್ತರೆ ನಷ್ಟವಿದೆಯೇ? ಬೇಲಿಗೆ ಬೆಳೆಸಬಹುದೇ? ಮಡ್ಡಿಯ ಮೇಲೆ ಬೆರಳುದ್ದದ ಬಿಳಿ ಮುಳ್ಳಿನ ಗಿಡ್ಡ ಕಂಟಿಯೊಂದಿದೆ, ಅದು ಯಾವುದು? ನಾಲ್ಕು ಫೋಟೋ ಕಳಿಸಿದ್ದೇನೆ.

ಉತ್ತರ: ತಂಗೀ, ಮೊದಲು ಅಣ್ಣನವರಿಗೆ ಹೇಳಿ ಜೆಸಿಬಿಯನ್ನು ಒಂದೆರಡು ವಾರ ತಡೆಯಿರಿ. ನೀವು ಕಳಿಸಿದ ನಾಲ್ಕು ಫೋಟೋಗಳಲ್ಲಿ ಬಳ್ಳಾರಿ ಜಾಲಿ ಇರುವುದು ಮೂರನೆಯದರಲ್ಲಿ ಮಾತ್ರ, ರಸ್ತೆಗೆ ತಗುಲಿದ ಮೂಲೆಯಲ್ಲಿ. ಹಳ್ಳದ ದಂಡೆಯ ಹಳದಿ ಚೆಂಡಿನ ಕಂಟಿ ಕಸ್ತೂರಿ ಜಾಲಿ. ಕಸ್ತೂರಿ ಗೊಬ್ಬಳಿ ಎಂದೂ ಕರೆಯುತ್ತಾರೆ. ಎರಡಕ್ಕೂ ಮುಳ್ಳಿದೆ, ಎರಡೂ ಹೊರಗಿನಿಂದ ಬಂದವು, ಆದರೆ ನೆಲದ ಮೇಲೆ ನಡೆದುಕೊಳ್ಳುವ ರೀತಿ ಬೇರೆ ಬೇರೆ.

ನಮ್ಮ ಕಡೆ ಮುಳ್ಳು ಕಂಡರೆ ಸಾಕು, ಬಳ್ಳಾರಿ ಜಾಲಿ ಎನ್ನುವ ರೂಢಿ ಬಿದ್ದುಬಿಟ್ಟಿದೆ. ಜನರನ್ನು ದೂರಿ ಪ್ರಯೋಜನವಿಲ್ಲ. ರಸ್ತೆಯ ಎರಡೂ ಬದಿ, ಕೆರೆಯಂಗಳ, ಕಾಲುವೆ ದಂಡೆ, ಎಲ್ಲಿ ನೋಡಿದರೂ ಅದೇ ಕಾಣುವಾಗ ಉಳಿದ ಜಾಲಿಗಳ ಹೆಸರು ಬಾಯಿಂದ ಜಾರಿಹೋಗಿವೆ. ನಾನು ಬಳ್ಳಾರಿಯಲ್ಲಿ ಮೂವತ್ತು ವರ್ಷ ಸಸ್ಯಶಾಸ್ತ್ರ ಕಲಿಸಿದೆ. ಆರಂಭದ ವರ್ಷಗಳಲ್ಲಿ ಹಳ್ಳಿಯಿಂದ ಬರುತ್ತಿದ್ದ ಹುಡುಗರಿಗೆ ನಾಲ್ಕೈದು ಜಾಲಿಗಳ ಹೆಸರು ಗೊತ್ತಿರುತ್ತಿತ್ತು. ಯಾವುದರ ಕಟ್ಟಿಗೆ ಕುಂಟೆಗೆ ಆಗುತ್ತದೆ, ಯಾವುದರ ಕಾಯಿ ಆಡು ತಿನ್ನುತ್ತದೆ ಎಂದೂ ಹೇಳುತ್ತಿದ್ದರು. ನಿವೃತ್ತಿಯ ಹೊತ್ತಿಗೆ ಕೇಳಿದರೆ ಒಂದೇ ಹೆಸರು ಬರುತ್ತಿತ್ತು. ಹೆಸರು ಮರೆತ ಗಿಡವನ್ನು ಕೀಳುವವರಿಗೆ ಕೈ ತಡೆಯುವುದಿಲ್ಲ. ಅದಕ್ಕೇ ನಿಮ್ಮ ಪ್ರಶ್ನೆಗೆ ಸ್ವಲ್ಪ ಉದ್ದವಾಗಿಯೇ ಉತ್ತರಿಸುತ್ತೇನೆ.

ಗುರುತು ಹಿಡಿಯಲು ಹೂವೇ ಸಾಕು. ಕಸ್ತೂರಿ ಜಾಲಿ, ಕರಿಜಾಲಿ, ಬಿಳಿಜಾಲಿ ಮೂರರ ಹೂವೂ ದುಂಡು ಚೆಂಡು. ಬಳ್ಳಾರಿ ಜಾಲಿಯದು ಬೆರಳುದ್ದದ ತೆನೆ. ಸಜ್ಜೆ ತೆನೆಯನ್ನು ತೀರಾ ಸಣ್ಣದು ಮಾಡಿ, ಹಸಿರು ಬೆರೆತ ತಿಳಿಹಳದಿ ಬಳಿದು, ಕೆಳಮುಖವಾಗಿ ಜೋತುಬಿಟ್ಟ ಹಾಗೆ. ಚೆಂಡು ಕಂಡರೆ ಅದು ಬಳ್ಳಾರಿ ಜಾಲಿಯಲ್ಲ. ಈ ಒಂದು ಮಾತು ಅಣ್ಣನವರಿಗೂ ಜೆಸಿಬಿ ನಡೆಸುವವರಿಗೂ ಗೊತ್ತಾದರೆ ಅರ್ಧ ಕೆಲಸ ಮುಗಿಯಿತು.

ಹೂವಿಲ್ಲದ ಕಾಲದಲ್ಲಿ ಕಾಯಿ ನೋಡಿ. ಬಳ್ಳಾರಿ ಜಾಲಿಯ ಕಾಯಿ ಉದ್ದ, ಚಪ್ಪಟೆ, ಹಣ್ಣಾದಾಗ ಒಣಹುಲ್ಲಿನ ಬಣ್ಣ, ಅಗಿದರೆ ಸಿಹಿ. ಕರಿಜಾಲಿಯ ಕಾಯಿ ಮಣಿಸರದಂತೆ: ಬೀಜ ಬೀಜದ ನಡುವೆ ಹಿಂಡಿದ ಸೊಂಟ, ಮೇಲೆ ಬೂದು ಬಣ್ಣದ ನವಿರು. ನಿಮ್ಮ ಎರಡನೆಯ ಫೋಟೋದ ಕಾಯಿ ಎರಡು ಮೂರು ಇಂಚು ಉದ್ದ, ಬೆರಳಿನಷ್ಟು ದಪ್ಪ, ಉಬ್ಬಿದೆ, ಕಂದುಗಪ್ಪು. ಗಿಡದಲ್ಲೇ ಒಣಗಿದರೂ ತಾನಾಗಿ ಬಿರಿದಿಲ್ಲ. ಇದು ಕಸ್ತೂರಿ ಜಾಲಿಯದೇ ಗುರುತು. ಒಡೆದು ನೋಡಿದರೆ ಒಳಗೆ ಬೆಂಡಿನಂಥ ತಿರುಳಲ್ಲಿ ಬೀಜ ಎರಡು ಸಾಲಾಗಿ ಕೂತಿರುತ್ತವೆ.

ಎಲೆಯಿಂದಲೂ ಹೇಳಬಹುದು. ಮಗನಿಗೆ ಎಣಿಸಲು ಕೊಡಿ. ನಡುದೇಟಿಗೆ ಎದುರುಬದುರಾಗಿ ಹೊರಟ ಕವಲುಗಳು ಬಳ್ಳಾರಿ ಜಾಲಿಯಲ್ಲಿ ಒಂದೋ ಎರಡೋ ಜೊತೆ, ಅಪರೂಪಕ್ಕೆ ಮೂರು. ಕಸ್ತೂರಿ ಜಾಲಿಯಲ್ಲಿ ಸಾಮಾನ್ಯವಾಗಿ ಅದಕ್ಕಿಂತ ಹೆಚ್ಚು, ಆರರವರೆಗೆ. ಮುಳ್ಳು ಮಾತ್ರ ಇಲ್ಲಿ ನೆರವಿಗೆ ಬರುವುದಿಲ್ಲ. ಎರಡರಲ್ಲೂ ಗೆಣ್ಣಿನಲ್ಲಿ ಜೋಡಿಯಾಗಿ, ನೇರವಾಗಿ ಇರುತ್ತವೆ. ಜನ ನೋಡುವುದು ಮುಳ್ಳನ್ನೇ, ಮೋಸ ಹೋಗುವುದೂ ಅಲ್ಲೇ.

ಹೂವಿನ ಬಗ್ಗೆ ಇನ್ನೊಂದು ಮಾತು, ನೀವು ಶಿಕ್ಷಕಿಯಾದ್ದರಿಂದ. ಆ ಚೆಂಡು ಒಂದೇ ಹೂವಲ್ಲ, ಹತ್ತಾರು ಪುಟ್ಟ ಹೂಗಳ ಗೊಂಚಲು. ಕಣ್ಣಿಗೆ ಹೊಡೆಯುವ ಹಳದಿ ಪಕಳೆಯದ್ದಲ್ಲ, ಕೇಸರಗಳದ್ದು. ಪಕಳೆಗಳು ಬುಡದಲ್ಲಿ ಮುದುಡಿ ಕೂತಿರುತ್ತವೆ, ಭೂತಗನ್ನಡಿ ಹಿಡಿದರೆ ಮಾತ್ರ ಕಾಣುತ್ತವೆ. ಪರಾಗದ ಕಣಗಳೂ ಒಂದೊಂದಾಗಿ ಉದುರದೆ ಸಣ್ಣ ಗಂಟುಗಳಾಗಿ ಜೇನ್ನೊಣದ ಮೈಗೆ ಅಂಟುತ್ತವೆ. ಒಂದು ಕೊಂಬೆ ತಂದು ತರಗತಿಯ ಮೇಜಿನ ಮೇಲಿಡಿ. ಮುಳ್ಳಿನ ತುದಿಯನ್ನು ಕತ್ತರಿಯಲ್ಲಿ ಕತ್ತರಿಸಿ ಇಡಿ. ಮಕ್ಕಳು ಒಂದು ಗಂಟೆ ಅಲುಗಾಡುವುದಿಲ್ಲ.

ಇನ್ನು ನಿಮ್ಮ ಮಗ ಕಂಡ ಹೋಲಿಕೆ. ಹುಡುಗನ ಕಣ್ಣು ಸರಿಯಾಗಿಯೇ ಇದೆ. ಆಸ್ಟ್ರೇಲಿಯಾದ ಗೋಲ್ಡನ್ ವ್ಯಾಟಲ್ ಮತ್ತು ನಮ್ಮ ಜಾಲಿಗಳು ದಾಯಾದಿಗಳು. ಆ ದೇಶ 1988ರಲ್ಲಿ ಅದನ್ನು ತನ್ನ ರಾಷ್ಟ್ರೀಯ ಹೂವೆಂದು ಘೋಷಿಸಿತು. ಅವರ ಕ್ರಿಕೆಟ್ ತಂಡ ತೊಡುವ ಹಸಿರು ಮತ್ತು ಹೊಂಬಣ್ಣ ಆ ಗಿಡದ ಎಲೆ ಮತ್ತು ಹೂವಿನ ಬಣ್ಣ ಎಂದು ಹೇಳಿದರೆ ಅವನು ಮರೆಯಲಿಕ್ಕಿಲ್ಲ. ವ್ಯಾಟಲ್ ಎಂಬ ಪದದ ಮೂಲ ಅರ್ಥ ನಮಗೆ ಬಹಳ ಹತ್ತಿರದ್ದು: ತಡಿಕೆ. ಕಡ್ಡಿ ಹೆಣೆದು ಮಣ್ಣು ಮೆತ್ತಿ ಗೋಡೆ ಕಟ್ಟುವ ತಡಿಕೆಯೇ. ಅಲ್ಲಿಗೆ ಹೋಗಿ ನೆಲೆಸಿದ ಇಂಗ್ಲಿಷರು ಈ ಗಿಡಗಳ ಸಪೂರ ಕಡ್ಡಿಗಳಿಂದ ತಡಿಕೆ ಹೆಣೆದರು, ಗಿಡಕ್ಕೂ ಅದೇ ಹೆಸರು ಅಂಟಿತು. ಅವರ ವ್ಯಾಟಲ್‌ಗಳಲ್ಲಿ ಹೆಚ್ಚಿನವಕ್ಕೆ ನಮ್ಮ ಜಾಲಿಯಂಥ ಮುಳ್ಳಿಲ್ಲ. ಮಲೆನಾಡಿನ ನೆಡುತೋಪುಗಳಲ್ಲಿ, ರಸ್ತೆ ಬದಿಯಲ್ಲಿ ನಿಂತಿರುವ ಅಕೇಶಿಯಾ ಮರ ಅವುಗಳಲ್ಲೇ ಒಂದು. ಅದರ ಕುಡುಗೋಲಿನಂಥ ಎಲೆ ನಿಜವಾಗಿ ಎಲೆಯಲ್ಲ, ಅಗಲವಾದ ತೊಟ್ಟು.

ಅಕೇಶಿಯಾ ಎಂಬ ಹೆಸರಿನ ಕಥೆಯನ್ನೂ ಇಲ್ಲೇ ಹೇಳಿಬಿಡುತ್ತೇನೆ, ಇದು ನನಗೆ ಇವತ್ತಿಗೂ ಸ್ವಲ್ಪ ನೋವಿನ ವಿಷಯ. ಗ್ರೀಕರು ಆ ಹೆಸರಿಟ್ಟದ್ದು ಈಜಿಪ್ಟಿನ ಮುಳ್ಳುಮರಕ್ಕೆ. ಆ ಮರವೇ ನಮ್ಮ ಕರಿಜಾಲಿ. ಅದರ ಶಾಸ್ತ್ರೀಯ ಹೆಸರಿನ ಎರಡನೆಯ ಪದ ನಿಲೋಟಿಕಾ ಎಂದರೆ ನೈಲ್ ನದಿಯದು. 2005ರಲ್ಲಿ ವಿಯೆನ್ನಾದಲ್ಲಿ ಸೇರಿದ ಅಂತರರಾಷ್ಟ್ರೀಯ ಸಸ್ಯಶಾಸ್ತ್ರ ಸಮ್ಮೇಳನ ಅಕೇಶಿಯಾ ಹೆಸರನ್ನು ಆಸ್ಟ್ರೇಲಿಯಾದ ಗುಂಪಿಗೆ ಬಿಟ್ಟುಕೊಟ್ಟಿತು, 2011ರ ಮೆಲ್ಬರ್ನ್ ಸಮ್ಮೇಳನ ಅದನ್ನೇ ಉಳಿಸಿತು. ಅಲ್ಲಿ ಸುಮಾರು ಸಾವಿರ ಜಾತಿಗಳಿವೆ, ಅಷ್ಟಕ್ಕೂ ಹೆಸರು ಬದಲಿಸುವುದು ಕಷ್ಟ ಎಂಬುದು ಅವರ ವಾದ. ಹೀಗೆ ಹೆಸರು ಕೊಟ್ಟ ಮರವೇ ಹೆಸರು ಕಳೆದುಕೊಂಡಿತು. ನೇರ ಮುಳ್ಳಿನ ನಮ್ಮ ಜಾಲಿಗಳು ಈಗ ವೆಚೆಲಿಯಾ ಎಂಬ ಕುಲಕ್ಕೆ ಸೇರಿವೆ, ಕೊಕ್ಕೆಮುಳ್ಳಿನ ಕಗ್ಗಲಿಯಂಥವು ಸೆನೆಗಾಲಿಯಾ ಕುಲಕ್ಕೆ. ವೆಚೆಲಿಯಾ ಎಂಬ ಹೆಸರು ಹೊಸದಲ್ಲ. ಕಂಪನಿ ಸರ್ಕಾರದಲ್ಲಿ ಮದ್ರಾಸಿನ ವೈದ್ಯರಾಗಿದ್ದ ರಾಬರ್ಟ್ ವೈಟ್ ಮತ್ತು ಅವರ ಜೊತೆಗಾರ ಆರ್ನಾಟ್ 1834ರಲ್ಲಿ ಅದನ್ನು ಕಟ್ಟಿದ್ದು ಬೇರಾವ ಗಿಡಕ್ಕೂ ಅಲ್ಲ, ನಿಮ್ಮ ಹಳ್ಳದ ದಂಡೆಯ ಇದೇ ಕಸ್ತೂರಿ ಜಾಲಿಗೆ.

ಅದರ ಪೂರ್ತಿ ಹೆಸರು ವೆಚೆಲಿಯಾ ಫಾರ್ನೇಸಿಯಾನಾ. ರೋಮ್‌ನ ಫಾರ್ನೇಸೆ ಮನೆತನದ ತೋಟದಲ್ಲಿ ಬೆಳೆದ ಗಿಡವನ್ನು 1625ರಲ್ಲಿ ಮೊದಲ ಸಲ ವಿವರಿಸಿದರು, ಆ ತೋಟದ ಹೆಸರೇ ನಿಂತಿತು. ಗಿಡದ ಹುಟ್ಟೂರು ಅಮೆರಿಕ ಖಂಡದ ಬಿಸಿನಾಡುಗಳು. ದಕ್ಷಿಣ ಫ್ರಾನ್ಸಿನ ಗ್ರಾಸ್ ಪಟ್ಟಣದ ಸುತ್ತ ಅತ್ತರಿಗಾಗಿ ಇದನ್ನು ಸಾಲಾಗಿ ಬೆಳೆಸಿದರು. ಕ್ಯಾಸಿ ಎಂದು ಸುಗಂಧದ ವ್ಯಾಪಾರಿಗಳು ಹೇಳುವ ದ್ರವ್ಯ ಇದರ ಹೂವಿನದು. ನಿಮ್ಮೂರಿನಲ್ಲಿ ಸಂಜೆ ಘಮ್ಮೆನ್ನುವುದು ಅದೇ ವಾಸನೆ. ನಮ್ಮ ತಾಯಿ ಒಣಗಿದ ಚೆಂಡುಗಳನ್ನು ಬಟ್ಟೆಯಲ್ಲಿ ಗಂಟು ಕಟ್ಟಿ ಟ್ರಂಕಿನಲ್ಲಿ ಸೀರೆಗಳ ನಡುವೆ ಇಡುತ್ತಿದ್ದರು. ನೀವೂ ಇಟ್ಟು ನೋಡಿ.

ಸಹಜ ನೆಲೆಯ ಪ್ರಶ್ನೆಗೆ ಉತ್ತರ ಬೇಕಾದರೆ ನಿಮ್ಮ ಹೊಲವನ್ನೇ ಮೇಲಿಂದ ಕೆಳಗೆ ಒಮ್ಮೆ ನಡೆಯಿರಿ. ಜಾಲಿಗಳೆಲ್ಲ ಒಂದೇ ಕಡೆ ಕಲಸಿ ಬೆಳೆಯುವುದಿಲ್ಲ. ಮಣ್ಣು, ಇಳಿಜಾರು, ನೀರು ನಿಲ್ಲುವ ದಿನಗಳು, ಇವನ್ನು ನೋಡಿ ಒಂದೊಂದೂ ತನ್ನ ಜಾಗ ಹಿಡಿದಿರುತ್ತದೆ. ವರ್ಷಕ್ಕೆ 600 ಮಿಲಿಮೀಟರ್ ಆಸುಪಾಸು ಮಳೆ, ಅದೂ ಬಹುಪಾಲು ಮುಂಗಾರಿನ ಕೊನೆಗೆ. ಏಪ್ರಿಲ್‌ನಲ್ಲಿ ಬರಿಗಾಲಿಡಲಾಗದಷ್ಟು ಕಾಯುವ ಬಂಡೆ. ಈ ನೆಲದಲ್ಲಿ ನಾಲ್ಕು ಮಾರು ಕೆಳಗಿಳಿದರೆ ಗಿಡದ ಪಾಲಿಗೆ ಬೇರೆ ಊರೇ.

ಬಂಡೆಗುಡ್ಡದ ಕಾಲಬುಡದಲ್ಲಿ, ಕಲ್ಲಿನ ಸಂದುಗಳಲ್ಲಿ ಕಗ್ಗಲಿ ಇರುತ್ತದೆ. ಆನೆಗುಂದಿ ಕಡೆಯ ಬೆಟ್ಟಗಳಲ್ಲಿ, ದರೋಜಿ ಕರಡಿಧಾಮದಲ್ಲಿ, ಸಂಡೂರಿನ ತಪ್ಪಲಲ್ಲಿ ಇದನ್ನು ಧಾರಾಳವಾಗಿ ನೋಡಬಹುದು. ಮುಳ್ಳು ಕೊಕ್ಕೆ, ಹೂ ಬಿಳಿಚು ತೆನೆ, ಒಳಕಟ್ಟಿಗೆ ಕೆಂಪು. ಅದಕ್ಕಿಂತ ಕೆಳಗೆ ಗರಸು ಮಣ್ಣಿನ ಮಡ್ಡಿ. ಏನೂ ಬೆಳೆಯದು ಎಂದು ನಾವು ಬಿಟ್ಟ ಆ ಜಾಗ ಗಿಡ್ಡ ಕೊಡೆಯಂಥ ಮುಳ್ಳುಜಾಲಿಯದು. ನಿಮ್ಮ ಕೊನೆಯ ಪ್ರಶ್ನೆಗೆ ಬಂದಾಗ ಅದರ ಮಾತಾಡುತ್ತೇನೆ. ಮಡ್ಡಿ ಮಸಾರಿಗೆ ಸೇರುವಲ್ಲಿ ಬಿಳಿಜಾಲಿ. ತೊಗಟೆ ನಸುಬಿಳಿ, ಮಳೆಗಾಲ ಮುಗಿಯುವ ಹೊತ್ತಿಗೆ ಕೊಂಬೆಯ ತುದಿಗಳಲ್ಲಿ ದೊಡ್ಡ ಗೊಂಚಲುಗಳಾಗಿ ಕೆನೆಬಣ್ಣದ ಚೆಂಡುಹೂ. ದೂರದಿಂದ ನೋಡಿದರೆ ಮರದ ಮೇಲೆ ಮಂಜು ಕೂತ ಹಾಗೆ. ಬೇಸಿಗೆಯಲ್ಲಿ ಕುರಿಗಾಹಿಗೆ ನೆರಳೆಂದರೆ ಇದು. ಕಪ್ಪುಮಣ್ಣಿನ ಎರಿ ಹೊಲ, ಕೆರೆಯಂಗಳ, ನೀರು ತಿಂಗಳುಗಟ್ಟಲೆ ನಿಲ್ಲುವ ತಗ್ಗು ಕರಿಜಾಲಿಯದು. ಬುಡ ನೀರಿನಲ್ಲಿ ಮುಳುಗಿದ್ದರೂ ಅದು ಸಾಯುವುದಿಲ್ಲ. ಎತ್ತಿನ ಗಾಡಿಯ ಗಾಲಿ, ಕುಂಟೆ, ಕೂರಿಗೆ ಇದರಲ್ಲೇ ಆಗುತ್ತಿದ್ದವು. ಚರ್ಮ ಹದ ಮಾಡಲು ಇದರದೇ ತೊಗಟೆ.

ಕಸ್ತೂರಿ ಜಾಲಿ ಬಿಳಿಜಾಲಿ, ಕರಿಜಾಲಿಗಳ ನೆಲೆಯ ನಡುವಿನ ಅಂಚನ್ನು ಹಿಡಿದಿದೆ. ಹಳ್ಳದ ದಂಡೆ, ಕೆರೆಯ ಹಿನ್ನೀರಿನ ಕೊನೆ, ಎರಿ ಹೊಲದ ಬದು, ಹಾಳುಬಾವಿಯ ಸುತ್ತ. ಮಳೆಗಾಲದಲ್ಲಿ ನೀರು ಬಂದು ಹೋಗುವ, ಬೇಸಿಗೆಯಲ್ಲಿ ಬಿರುಕು ಬಿಡುವ ನೆಲ. ಮರವಾಗುವ ಹಟವಿಲ್ಲ, ಬುಡದಿಂದಲೇ ಐದಾರು ಕಾಂಡ ಒಡೆದು ಹತ್ತು ಹನ್ನೆರಡು ಅಡಿಗೆ ನಿಲ್ಲುತ್ತದೆ. ಸಣ್ಣ ಕೊಂಬೆಗಳು ಗೆಣ್ಣಿಗೊಮ್ಮೆ ಬಾಗಿ ಅಂಕುಡೊಂಕು, ಮೈಮೇಲೆ ಬಿಳಿ ಚುಕ್ಕೆ. ಹೆಚ್ಚಿನ ಜಾಲಿಗಳಂತೆ ಬೇರಿನ ಗಂಟುಗಳಲ್ಲಿ ಸಾರಜನಕ ಹಿಡಿಯುವ ಸೂಕ್ಷ್ಮಜೀವಿಗಳನ್ನು ಇಟ್ಟುಕೊಂಡಿರುತ್ತದೆ, ಹಾಗಾಗಿ ಬಡ ಮಣ್ಣಿನಲ್ಲೂ ಹಸಿರಾಗಿರುತ್ತದೆ. ನಿಮ್ಮ ಹಳ್ಳದ ದಂಡೆ ಕೊರೆಯದೆ ನಿಂತಿರುವುದಕ್ಕೆ ಈ ಬೇರುಗಳ ಹಿಡಿತವೂ ಒಂದು ಕಾರಣ. ಮುಂಗಾರಿಗೆ ಮುಂಚೆ ಜೆಸಿಬಿ ಹಾಯಿಸಿದರೆ ಮೊದಲ ದೊಡ್ಡ ಮಳೆಗೇ ಹೊಲದ ಕೆಳಗಿನ ಮಣ್ಣು ಹಳ್ಳಕ್ಕೆ ಇಳಿಯುತ್ತದೆ. ಇದು ನಷ್ಟದ ಮೊದಲ ಲೆಕ್ಕ.

ಎರಡನೆಯದು ಒಳಗಿನ ಸಂಸಾರ. ಒಂದು ಬೆಳಗ್ಗೆ ಚಾಪೆ ತಗೊಂಡು ಹೋಗಿ ಆ ಕಂಟಿಯಿಂದ ಇಪ್ಪತ್ತು ಅಡಿ ದೂರ ಕೂತು ನೋಡಿ. ಕಳಿಂಗ ಹಕ್ಕಿ ಬಂದು ಮಿಡತೆಯನ್ನು ಮುಳ್ಳಿಗೆ ಚುಚ್ಚಿ ಇಡುತ್ತದೆ, ನಾವು ಮೊಳೆಗೆ ಚೀಲ ತೂಗುಹಾಕುವಂತೆ. ಕೊಂಬೆಯಿಂದ ಜೋತಾಡುವ ಕಡ್ಡಿಯ ಪುಟ್ಟ ಕಟ್ಟು ಕಂಡರೆ ಮುಟ್ಟಿ ನೋಡಿ: ಅದರೊಳಗೆ ಒಂದು ಹುಳು ವಾಸವಿದೆ, ಕತ್ತರಿಸಿದ ಕಡ್ಡಿ-ಮುಳ್ಳುಗಳನ್ನೇ ಸುತ್ತ ಜೋಡಿಸಿ ಮನೆ ಮಾಡಿಕೊಂಡಿದೆ. ಉಗುರಿನಷ್ಟು ಚಿಕ್ಕ ನೀಲಿ ಚಿಟ್ಟೆ ಮೊಗ್ಗಿನ ಸುತ್ತ ಸುಳಿಯುತ್ತಿದ್ದರೆ ಅದು ಬಬೂಲ್ ಬ್ಲೂ; ಮರಿಹುಳು ಬೆಳೆಯುವುದು ಜಾಲಿಗಳ ಮೇಲೆ. ಎಲೆತೊಟ್ಟಿನ ಮೇಲೆ ಸಾಸಿವೆಗಿಂತ ಸಣ್ಣ ಗಂಟೊಂದಿದೆ, ಅದು ಸಿಹಿ ಜಿನುಗಿಸುತ್ತದೆ. ಇರುವೆಗಳು ಅದಕ್ಕೆ ಬರುತ್ತವೆ, ಬಂದವು ಎಲೆ ತಿನ್ನುವ ಹುಳುಗಳನ್ನು ಓಡಿಸುತ್ತವೆ. ನೀರಿನ ಮೇಲೆ ಬಾಗಿದ ಕೊಂಬೆಯಿದ್ದರೆ ಗೀಜಗ ಗೂಡು ಹೆಣೆಯುತ್ತದೆ, ಹಾವೂ ಬೆಕ್ಕೂ ಸುಲಭಕ್ಕೆ ತಲುಪಲಾರದ ಜಾಗ. ಬುಡದ ನೆರಳಿನಲ್ಲಿ ಉಡ, ಮೊಲ, ಗೌಜಲಹಕ್ಕಿ.

ನನಗೆ ಎಲ್ಲಕ್ಕಿಂತ ಹೆಚ್ಚು ಬೆರಗು ಹುಟ್ಟಿಸುವುದು ಇನ್ನೊಂದು ನೋಟ. ಆಡು ಬಾಯಿ ಹಾಕಲಾರದ ಮುಳ್ಳಿನ ನಡುವೆ ಕರಡದ ಹುಲ್ಲು ತೆನೆ ಬಿಡುತ್ತದೆ, ಹಕ್ಕಿ ಉದುರಿಸಿದ ಬೇವಿನ ಬೀಜ ಅಲ್ಲೇ ಮೊಳೆಯುತ್ತದೆ. ಬಯಲಿನಲ್ಲಿದ್ದಿದ್ದರೆ ಎರಡೆಲೆಗೇ ಆಡಿನ ಪಾಲಾಗುತ್ತಿದ್ದ ಸಸಿ, ಜಾಲಿಯ ಮಡಿಲಲ್ಲಿ ಐದಾರು ವರ್ಷ ಬೆಳೆದು ಒಂದು ದಿನ ಕಂಟಿಯ ತಲೆಯ ಮೇಲೆ ತಲೆ ಎತ್ತುತ್ತದೆ. ನಮ್ಮ ಕಡೆ ಬದುವಿನಲ್ಲಿ ನಿಂತ ದೊಡ್ಡ ಬೇವಿನ ಬುಡ ನೋಡಿ, ಎಷ್ಟೋ ಕಡೆ ಹಳೆಯ ಜಾಲಿಯ ಒಣ ಬೊಡ್ಡೆ ಸಿಗುತ್ತದೆ.

ಪಹಣಿಯಲ್ಲಿ ಇಂಥ ಜಾಗಕ್ಕೆ ಖರಾಬು ಎಂದು ಬರೆಯುತ್ತೇವೆ. ಕಂದಾಯದ ಲೆಕ್ಕಕ್ಕೆ ಆ ಪದ ಬೇಕಾಗಿರಬಹುದು, ಆದರೆ ಮೂರು ತಲೆಮಾರು ಅದನ್ನೇ ಓದಿ ನಾವು ನಂಬಿಬಿಟ್ಟೆವು. ಗಂಗಾವತಿ ತಾಲ್ಲೂಕಿನ ಬಂಕಾಪುರದಲ್ಲಿ ತೋಳಗಳಿಗಾಗಿ ಧಾಮ ಮಾಡಿರುವುದು ದಟ್ಟ ಕಾಡಿನಲ್ಲಲ್ಲ, ಇಂಥದೇ ಕಲ್ಲು-ಕುರುಚಲಿನ ನೆಲದಲ್ಲಿ. ಸಿರುಗುಪ್ಪದ ಎರಿ ಬಯಲಿನಲ್ಲಿ ಎರ್ಲಡ್ಡು ಹಕ್ಕಿ (ಗ್ರೇಟ್ ಇಂಡಿಯನ್ ಬಸ್ಟರ್ಡ್) ಕಾಣಿಸಿಕೊಂಡದ್ದೂ ಬಯಲು ಬಯಲಾಗಿ ಉಳಿದಿದ್ದ ಕಡೆಯೇ. ಕುಡತಿನಿಯ ಬೂದಿಗುಡ್ಡವನ್ನು ನೀವು ನೋಡಿರಬಹುದು. ಸಾವಿರಾರು ವರ್ಷಗಳ ಹಿಂದಿನ ದನಗಾಹಿಗಳು ದೊಡ್ಡಿಗಳಲ್ಲಿ ಕೂಡಿದ ಸಗಣಿಯನ್ನು ಸುಟ್ಟು ಸುಟ್ಟು ಅದು ಬೆಳೆಯಿತೆಂದು ಪುರಾತತ್ತ್ವ ಬಲ್ಲವರು ಹೇಳುತ್ತಾರೆ. ಇವತ್ತಿಗೂ ನಮ್ಮ ಕುರಿಗಾಹಿಗಳು ರಾತ್ರಿ ಹಟ್ಟಿಗೆ ಜಾಲಿಮುಳ್ಳಿನ ಬೇಲಿ ಎಳೆದುಕೊಳ್ಳುವುದನ್ನು ಕಂಡಾಗ ಈ ನೆಲದ ಬದುಕು ಎಷ್ಟು ಹಳೆಯದು ಎನ್ನಿಸುತ್ತದೆ.

ಈಗ ಬಳ್ಳಾರಿ ಜಾಲಿಯ ವಿಷಯ. ಅಣ್ಣನವರ ಭಯ ಸುಳ್ಳಲ್ಲ, ಗುರಿ ಮಾತ್ರ ತಪ್ಪಿದೆ. ಬಳ್ಳಾರಿಯೂ ಕಡಪವೂ ಮದ್ರಾಸ್ ಪ್ರಾಂತ್ಯದಲ್ಲಿದ್ದ ಕಾಲ. ಅರಣ್ಯಾಧಿಕಾರಿ ಬೆಡ್ಡೋಮ್ ಬರಡು ನೆಲಕ್ಕೆ ಉರುವಲು ಮರ ಬೇಕೆಂದು ಕೇಳಿ ಬರೆದ ಮೇಲೆ, 1877ರ ಸುಮಾರಿಗೆ ಜಮೈಕಾದ ಬೀಜ ತಂದು ಕಡಪದ ಕಡೆ ಬಿತ್ತಿದರು. ಮುಂದೆ ಎಲ್ಲೆಡೆ ಹಬ್ಬಿತು. ಗಡಿಯ ತೆಲುಗರು ಇಂದಿಗೂ ಸರ್ಕಾರಿ ತುಮ್ಮ ಎನ್ನುತ್ತಾರೆ. ಬರಗಾಲಗಳಲ್ಲಿ ಎಷ್ಟೋ ಬಡವರ ಒಲೆ ಉರಿದದ್ದು ಇದರಿಂದ, ಇದ್ದಿಲು ಸುಟ್ಟು ಸಂಸಾರ ನಡೆದದ್ದೂ ಇದರಿಂದ. ಆ ಋಣವನ್ನು ಮರೆಯಬಾರದು. ಆದರೂ ಕೆರೆ, ಹಳ್ಳ, ಗೋಮಾಳಗಳಲ್ಲಿ ಅದು ಮಾಡಿದ್ದನ್ನು ಕಣ್ಣಾರೆ ಕಂಡಿದ್ದೇನೆ. ಕೊಂಬೆ ನೆಲಕ್ಕೆ ತಾಗುವಂತೆ ಹರಡಿ, ಎಲೆಕಸದಿಂದ ಬೇರೆ ಬೀಜ ಮೊಳೆಯದಂತೆ ಮಾಡಿ, ಕೆಳಗೆ ಒಂದು ಎಳೆ ಹುಲ್ಲೂ ಬಿಡುವುದಿಲ್ಲ. ಯಲಬುರ್ಗಾ ಕಡೆಯ ಹಿರಿಯ ಕುರಿಗಾಹಿಯೊಬ್ಬರು ನನಗೆ ಹೇಳಿದ್ದು: ‘ಸರ, ಬಿಳಿಜಾಲಿ ಕೆಳಗ ಕುರಿ ಕುಂದರ್ತಾವ. ಬಳ್ಳಾರಿ ಜಾಲ್ಯಾಗ ಕುರಿ ಹೊಕ್ಕರ ಹುಡುಕಬೇಕಾಗ್ತದ.’ ನೆಲೆಯಾಗುವ ಗಿಡಕ್ಕೂ ಆಕ್ರಮಿಸುವ ಗಿಡಕ್ಕೂ ಇರುವ ವ್ಯತ್ಯಾಸವನ್ನು ಇದಕ್ಕಿಂತ ಚೆನ್ನಾಗಿ ನಾನು ತರಗತಿಯಲ್ಲಿ ಹೇಳಿದ್ದಿಲ್ಲ.

ಎಲ್ಲವನ್ನೂ ಒಟ್ಟಿಗೆ ಕಿತ್ತರೆ ಏನಾಗುತ್ತದೆ ಎಂಬುದನ್ನೂ ನೋಡಿದ್ದೇನೆ. ಕೊಪ್ಪಳ ಜಿಲ್ಲೆಯ ಒಂದು ಹಳ್ಳಿಯ ಕೆರೆ. ಹೂಳೆತ್ತುವ ಮುನ್ನ ಗುತ್ತಿಗೆ ಹಿಡಿದವರು ಅಂಗಳದ ಮುಳ್ಳನ್ನೆಲ್ಲ ಎರಡೇ ದಿನದಲ್ಲಿ ಬಳಿದು ಹಾಕಿದರು. ಬಳ್ಳಾರಿ ಜಾಲಿಯ ಜೊತೆಗೆ ಹದಿನೇಳು ಹಳೆಯ ಕರಿಜಾಲಿಗಳೂ ಹೋದವು. ಹಿಂದಿನ ವರ್ಷ ಗೀಜಗದ ಗೂಡು ಎಣಿಸಲು ಹೋಗಿದ್ದರಿಂದ ಆ ಲೆಕ್ಕ ನನಗೆ ನೆನಪಿದೆ. ಯಂತ್ರ ನಡೆಸಿದವರನ್ನು ಕೇಳಿದರೆ ‘ಎಲ್ಲಾ ಜಾಲೀನ ಅಲ್ರೀ’ ಎಂದರು. ಎರಡು ಮಳೆಗಾಲ ಕಳೆದ ಮೇಲೆ ಹೋದೆ. ಕೆದರಿದ ಮಣ್ಣಿನಲ್ಲಿ, ಆಡು-ದನದ ಹಿಕ್ಕೆ ಸಗಣಿಯಿಂದ ಬಿದ್ದ ಬೀಜದಿಂದ, ಎದೆಯೆತ್ತರ ಎದ್ದು ನಿಂತಿದ್ದದ್ದು ಬರೀ ಬಳ್ಳಾರಿ ಜಾಲಿ. ಕರಿಜಾಲಿ ಒಂದೂ ಇರಲಿಲ್ಲ. ಕಿತ್ತವರು ಯಾವುದನ್ನು ತೊಲಗಿಸಲು ಹೊರಟಿದ್ದರೋ ಅದಕ್ಕೇ ಜಾಗ ಬಿಡಿಸಿಕೊಟ್ಟಿದ್ದರು. ಆ ದಿನ ಕೆರೆಯ ಏರಿಯ ಮೇಲೆ ಕೂತು ಬಹಳ ಹೊತ್ತು ಏಳಲಾಗಲಿಲ್ಲ.

ಹಾಗಾಗಿ ನಿಮ್ಮ ಹೊಲದಲ್ಲಿ ಹೀಗೆ ಮಾಡಿ. ಉಳಿಸಬೇಕಾದ ಒಂದೊಂದು ಕಂಟಿಗೂ ದೂರಕ್ಕೆ ಕಾಣುವ ಬಣ್ಣದ ಬಟ್ಟೆಚೂರು ಕಟ್ಟಿ. ಯಂತ್ರ ನಡೆಸುವವರು ನಿಮ್ಮ ವಿವರಣೆ ಕೇಳುತ್ತ ನಿಲ್ಲಲಾರರು, ಬಟ್ಟೆ ನೋಡಿ ನಿಲ್ಲುತ್ತಾರೆ. ರಸ್ತೆ ಮೂಲೆಯ ಬಳ್ಳಾರಿ ಜಾಲಿಯನ್ನು ಕಾಯಿ ಹಣ್ಣಾಗುವ ಮುಂಚೆ ತೆಗೆಸಿ. ನೆಲಮಟ್ಟಕ್ಕೆ ಕಡಿದರೆ ಉಪಯೋಗವಿಲ್ಲ, ಒಂದಕ್ಕೆ ಹತ್ತು ಚಿಗುರು ಬರುತ್ತದೆ. ಮಣ್ಣಿನೊಳಗೆ ಒಂದು ಅಡಿಯವರೆಗಿನ ಬೊಡ್ಡೆಯಲ್ಲಿ ಮೊಗ್ಗುಗಳಿರುತ್ತವೆ, ಅಷ್ಟನ್ನು ಅಗೆದು ತೆಗೆಯಬೇಕು. ಅದಕ್ಕಿಂತ ಆಳದ ಬೇರು ಉಳಿದರೆ ಚಿಂತೆಯಿಲ್ಲ. ಮುಂದಿನ ಎರಡು ಮೂರು ಮಳೆಗಾಲ, ಮಣ್ಣು ಹಸಿಯಿರುವಾಗ ಎದ್ದ ಸಸಿಗಳನ್ನು ಕೈಯಲ್ಲೇ ಕೀಳಿ. ಅಗೆದ ಜಾಗವನ್ನು ಖಾಲಿ ಬಿಡಬೇಡಿ, ಹುಲ್ಲಿನ ಬೀಜವನ್ನಾದರೂ ಚೆಲ್ಲಿ. ಬದುವಿನಲ್ಲಿ ದೊಡ್ಡ ಕರಿಜಾಲಿಯೋ ಬಿಳಿಜಾಲಿಯೋ ಇದ್ದು ಅದನ್ನು ತೆಗೆಯುವ ಮಾತು ಬಂದರೆ ಮೊದಲು ಅರಣ್ಯ ಇಲಾಖೆಯಲ್ಲಿ ಕೇಳಿಕೊಳ್ಳಿ.

ಬೇಲಿಗೆ ಕಸ್ತೂರಿ ಜಾಲಿ ಚೆನ್ನಾಗಿಯೇ ಬರುತ್ತದೆ. ಆದರೂ ಹೊಸದಾಗಿ ಬಿತ್ತಿ ಹೆಚ್ಚಿಸಬೇಡಿ ಎಂಬುದು ನನ್ನ ಸಲಹೆ. ಮದ್ರಾಸಿನ ಸಸ್ಯಪಟ್ಟಿಯಲ್ಲಿ 1834ಕ್ಕೇ ಸೇರಿದ ಗಿಡವಿದು, ಎರಡು ಶತಮಾನದಲ್ಲಿ ನಮ್ಮ ಹಳ್ಳಗಳನ್ನು ನುಂಗಲಿಲ್ಲ. ಆದರೆ ಆಸ್ಟ್ರೇಲಿಯಾದ ಹುಲ್ಲುಗಾವಲುಗಳಲ್ಲಿ ಇದೇ ಗಿಡ ಕಳೆಯಾಗಿ ಹಬ್ಬಿದೆ. ಇದ್ದದ್ದು ಇರಲಿ, ಹೊಲದೊಳಗೆ ಎದ್ದ ಸಸಿಗಳನ್ನು ತೆಗೆಯುತ್ತಿರಿ. ಹೊಸ ಬೇಲಿಗೆ ಹಳ್ಳದ ಕಡೆ ಕರಿಜಾಲಿ, ಮಸಾರಿಯ ಕಡೆ ಕಗ್ಗಲಿ ಹಾಕಿ. ಬೀಜದ ಸಿಪ್ಪೆ ಕಲ್ಲಿನಂತೆ ಗಟ್ಟಿ. ಕುದಿಸಿ ಇಳಿಸಿದ ನೀರಿನಲ್ಲಿ ಹಾಕಿ, ಅದು ಆರುತ್ತ ರಾತ್ರಿಯಿಡೀ ನೆನೆಯಲಿ. ಉಬ್ಬಿದ ಬೀಜವನ್ನು ಮರುದಿನವೇ ಬಿತ್ತಿ. ಸಣ್ಣ ತೂತಿರುವ ಬೀಜ ಬೇಡ, ಹುಳು ಒಳಗೆ ತಿಂದು ಹೋಗಿರುತ್ತದೆ. ಇನ್ನೊಂದು ಹಳೆಯ ದಾರಿ: ಆಡುಗಳಿಗೆ ಕರಿಜಾಲಿ ಕಾಯಿ ತಿನ್ನಿಸಿ, ಮರುದಿನ ದೊಡ್ಡಿಯಲ್ಲಿ ಬಿದ್ದ ಬೀಜ ಆಯ್ದುಕೊಳ್ಳುವುದು. ಆಡಿನ ಹೊಟ್ಟೆ ಹಾಯ್ದ ಬೀಜ ಬೇಗ ಮೊಳೆಯುತ್ತದೆ. ಮೊದಲ ಎರಡು ವರ್ಷ ಮಾತ್ರ ಅದೇ ಆಡುಗಳಿಂದ ಸಸಿ ಕಾಯಬೇಕು.

ಮುಳ್ಳು ಚುಚ್ಚಿ ತುದಿ ಒಳಗೇ ಮುರಿದರೆ, ಅದರಲ್ಲೂ ಬೆರಳಿನ ಗೆಣ್ಣಿಗೋ ಮೊಣಕಾಲಿಗೋ ಆದರೆ, ಸೂಜಿಯಿಂದ ಕೆದಕುತ್ತ ಕೂರಬೇಡಿ. ವೈದ್ಯರಲ್ಲಿಗೆ ಹೋಗಿ.

ಕೊನೆಗೆ ನಿಮ್ಮ ನಾಲ್ಕನೆಯ ಫೋಟೋ. ಮೊಣಕಾಲೆತ್ತರಕ್ಕೆ ಕೊಡೆಯಂತೆ ಚಪ್ಪಟೆಯಾಗಿ ಹರಡಿದೆ, ಬಿಳಿಯ ಜೋಡಿ ಮುಳ್ಳು ಎಲೆಗಿಂತ ಉದ್ದ. ಅದು ಹೊಟ್ಟೆಜಾಲಿ ಎಂದೇ ನನ್ನ ಮನಸ್ಸು ಹೇಳುತ್ತಿದೆ. ಶಾಸ್ತ್ರದಲ್ಲಿ ವೆಚೆಲಿಯಾ ಹಾರಿಡಾ. ಹಳೆಯ ಹೆಸರು ಲ್ಯಾಟ್ರೋನಮ್, ಅಂದರೆ ಕಳ್ಳರ ಗಿಡ. ಇದು ಹೊರಗಿನದಲ್ಲ, ದಖ್ಖನಿನ ಬರಡು ಮಡ್ಡಿಯಲ್ಲಿ ಸಹಜವಾಗಿಯೇ ಬೆಳೆಯುವ ಜಾಲಿ. ಫೋಟೋದಲ್ಲಿ ಹೂವಿಲ್ಲದ್ದರಿಂದ ಒಂದು ಖಾತ್ರಿ ಬಾಕಿಯಿದೆ. ನೇರ ಮುಳ್ಳಿನ ನಮ್ಮ ಜಾಲಿಗಳಲ್ಲಿ ಚೆಂಡಿನ ಬದಲು ಬಿಳಿಚು ತೆನೆ ಬಿಡುವುದು ಇದು. ಹೂ ಬಂದಾಗ ತೆನೆಯೋ ಚೆಂಡೋ ನೋಡಿ ಇನ್ನೊಂದು ಫೋಟೋ ಕಳಿಸಿ. ಅಲ್ಲಿಯವರೆಗೆ ಅದಕ್ಕೂ ಒಂದು ಬಟ್ಟೆಚೂರು ಕಟ್ಟಿಡಿ, ಎಲ್ಲಕ್ಕಿಂತ ಮೊದಲು ಅದಕ್ಕೆ.